ಒಂದು ಟೇಬಲ್ ಕಡಿಮೆ ಮಾಡಿದ ಪರ್ಮಿಷನ್

“ಪರ್ಮಿಷನ್‌ಗೆ ಒಟ್ಟು ಎಷ್ಟಾಗುತ್ತೆ, ಒಂದೇ ಮಾತಲ್ಲಿ ಹೇಳಿ” ಎಂದು ಫೋನಿನಲ್ಲಿ ಕೇಳುವವರನ್ನು ಕಂಡರೆ ನನಗಾಗುವುದಿಲ್ಲ. ಅವರಿಗೆ ನಾನು ಕೊಡುವ ಉತ್ತರವೂ ಒಂದೇ: “ನಿಮ್ಮ ಮಗಳ ಮದುವೆಗೆ ಎಷ್ಟಾಗುತ್ತೆ, ನೀವೂ ಒಂದೇ ಮಾತಲ್ಲಿ ಹೇಳಿ.” ಅರ್ಧ ಜನ ಅಲ್ಲಿಗೇ ಫೋನ್ ಇಡುತ್ತಾರೆ. ಇಡಲಿ. ಅಂಥವರ ಮನೆ ಕಟ್ಟಿ ಉದ್ಧಾರವಾದ ಕಂಟ್ರಾಕ್ಟರ್ ಒಬ್ಬನನ್ನೂ ನಾನು ಶಿವಮೊಗ್ಗದಲ್ಲಿ ನೋಡಿಲ್ಲ.

ಭದ್ರಾವತಿಯ ಅಕ್ಕ ಮಾತ್ರ ಫೋನ್ ಇಡಲಿಲ್ಲ. “ನನಗೆ ಮಗಳಿಲ್ಲ. ನೀನು ಲೆಕ್ಕ ಹೇಳು ಮೇಸ್ತ್ರಿ” ಅಂದರು.

ಅಕ್ಕ ಅಂದರೆ ಒಡಹುಟ್ಟಿದ ಅಕ್ಕ ಅಲ್ಲ. ನ್ಯೂ ಟೌನಿನಲ್ಲಿ ತಗಡಿನ ಶೀಟಿನ ಕೆಳಗೆ ಮೆಸ್ ನಡೆಸುವವರು. ತಾರಸಿ ಹಾಕುವ ಕಡೆ ಸೆಂಟ್ರಿಂಗ್ ಹಲಗೆ ಹೊರುತ್ತಿದ್ದಾಗ ನಾನು ಉಂಡಿದ್ದು ಅವರ ಮೆಸ್ಸಿನಲ್ಲೇ. ಈಗ ಗೋಪಾಳದಲ್ಲಿ ನನ್ನ ಆಫೀಸಿದೆ, ಬೋರ್ಡಿನ ಮೇಲೆ ಸಿವಿಲ್ ಕಂಟ್ರಾಕ್ಟರ್ ಅಂತಿದೆ. ಅಕ್ಕನಿಗೆ ಮಾತ್ರ ನಾನು ಇನ್ನೂ ಮೇಸ್ತ್ರಿ.

ಆಗಷ್ಟೇ ಗಣೇಶನ ಹಬ್ಬ ಮುಗಿದಿತ್ತು. ಶೆಡ್ಡಿನ ಮಾಲೀಕ ಜಾಗ ಮಾರಿಬಿಟ್ಟಿದ್ದ. ಯುಗಾದಿಯವರೆಗೆ ಇರಿ, ಆಮೇಲೆ ಜೆಸಿಬಿ ಬರುತ್ತೆ ಅಂದಿದ್ದ. ಅಕ್ಕನ ಹತ್ತಿರ ಓಲ್ಡ್ ಟೌನ್ ಕಡೆ ಒಂದು ಮೂವತ್ತು ನಲವತ್ತರ ಸೈಟಿತ್ತು. ಗಂಡ ಬದುಕಿದ್ದಾಗ ಕಂತು ಕಟ್ಟಿ ಕೊಂಡದ್ದು. ಕೆಳಗೆ ಮೆಸ್, ಮೇಲೆ ತಮ್ಮ ಮನೆ. ಬ್ಯಾಂಕಿನವರು ಸಾಲ ಕೊಡಲು ಒಪ್ಪಿದ್ದರು, ಆದರೆ ಮಂಜೂರಾದ ನಕ್ಷೆ ಮೇಜಿನ ಮೇಲೆ ಬರಬೇಕು. ನಕ್ಷೆ ತಡವಾದರೆ ಸಾಲ ತಡ, ಸಾಲ ತಡವಾದರೆ ಯುಗಾದಿಗೆ ಒಲೆ ಹಚ್ಚಲು ಜಾಗವಿಲ್ಲ. ಮೆಸ್ಸಿನ ಗಿರಾಕಿಯನ್ನು ನೀವು ಬಲ್ಲಿರಿ. ಹದಿನೈದು ದಿನ ಬೇರೆ ಕಡೆ ಉಂಡರೆ ಅವನ ನಾಲಗೆ ಅಲ್ಲೇ ನಿಂತುಬಿಡುತ್ತದೆ.

“ಇಲ್ಲೊಬ್ಬ ಏಜೆಂಟ್ ಪ್ಯಾಕೇಜ್ ಹೇಳಿದಾನೆ” ಎಂದು ಅಕ್ಕ ಒಂದು ಮೊತ್ತ ಹೇಳಿದರು. “ಎಲ್ಲಾ ಸೇರಿ. ನೀನು ಅದಕ್ಕಿಂತ ಕಡಿಮೆಗೆ ಮಾಡಿಸಿಕೊಡ್ತೀಯ?”

ಮೊತ್ತ ಕೇಳಿದ ಕೂಡಲೇ ನನಗೆ ನಗು ಬಂತು. ಆ ದುಡ್ಡಿಗೆ ಪರ್ಮಿಷನ್ ಸಿಗುತ್ತದೆ, ಸಿಗುವುದಿಲ್ಲ ಅಂತಲ್ಲ. ಆದರೆ ಯಾವ ಕಟ್ಟಡಕ್ಕೆ?

ಮೊತ್ತಗಳನ್ನು ಇಲ್ಲಿ ಬರೆಯುವುದಿಲ್ಲ. ದರ ಬದಲಾಗುತ್ತಲೇ ಇರುತ್ತದೆ, ಊರಿಂದೂರಿಗೆ ಬೇರೆ. ನಾನು ಬರೆದ ಅಂಕಿ ಹಿಡಿದುಕೊಂಡು ನೀವು ನಿಮ್ಮೂರಿನ ಕಂಟ್ರಾಕ್ಟರ್ ತಲೆ ತಿನ್ನುವುದು ಬೇಡ. ಲೆಕ್ಕ ಹಾಕುವ ಕ್ರಮ ಹೇಳುತ್ತೇನೆ, ಅಷ್ಟು ಸಾಕು.

ನಮ್ಮ ಕಡೆ ಜನಕ್ಕೊಂದು ಚಟ: ಎಲ್ಲವನ್ನೂ ಚದರದ ಲೆಕ್ಕದಲ್ಲಿ ಕೇಳುವುದು. ಚದರ ಅಂದರೆ ನೂರು ಚದರ ಅಡಿ. ಗೋಡೆ, ತಾರಸಿ, ಟೈಲ್ಸ್ ಎಲ್ಲ ಸೇರಿ ಚದರಕ್ಕಿಷ್ಟು ಅಂತ ಕಟ್ಟುವ ಕೂಲಿ ಮಾತಾಡುತ್ತೇವೆ, ಸರಿ. ಪರ್ಮಿಷನ್‌ಗೂ ಅದೇ ಗುಣಾಕಾರ ಹಚ್ಚುತ್ತಾರೆ. ಷಡ್ಡಕನ ಮನೆ ಹತ್ತು ಚದರ, ಅವನಿಗೆ ಇಷ್ಟಾಯ್ತು. ನಮ್ಮದು ಹದಿನೈದು, ಹಾಗಾದ್ರೆ ಇಷ್ಟು. ಅಲ್ಲಯ್ಯ, ಷಡ್ಡಕ ಬರೀ ಮನೆ ಕಟ್ಟಿದ್ದಾನೆ, ನೀನು ಕೆಳಗೆ ಅಂಗಡಿ ಇಡುತ್ತಿದ್ದೀಯ. ಷಡ್ಡಕನ ಬಡಾವಣೆಯಲ್ಲಿ ಅಭಿವೃದ್ಧಿ ಶುಲ್ಕ ಮೊದಲೇ ಕಟ್ಟಿದೆ, ನಿನ್ನದರಲ್ಲಿ ಬಾಕಿ ಇದೆ. ಅವನ ಮನೆ ಮುಂದೆ ಮಣ್ಣು ರಸ್ತೆ, ನಿನ್ನ ಮನೆ ಮುಂದೆ ಡಾಂಬರು. ಇಷ್ಟು ಹೇಳಿದರೂ “ಆದ್ರೂ ಒಂದು ಅಂದಾಜು” ಅಂತಾರೆ. ಅಂದಾಜು ಅಂದರೆ ಇವರಿಗೆ ಕಣ್ಣು ಮುಚ್ಚಿಕೊಂಡು ಕಲ್ಲು ಹೊಡೆಯುವುದು.

ನಾನು ಮಾಡುವುದು ಹೀಗೆ. ಮೊದಲು ಕಾಗದ: ಇ-ಖಾತಾ, ಈ ವರ್ಷದ ಕಂದಾಯದ ರಸೀದಿ, ಜಾಗದ ಮೇಲೆ ಸಾಲವಿದೆಯೇ ಎಂದು ತಿಳಿಸುವ ಇಸಿ, ಬಡಾವಣೆಯ ನಕ್ಷೆ. ಇದರಲ್ಲಿ ಒಂದು ಇಲ್ಲದಿದ್ದರೂ ಅದನ್ನು ಮಾಡಿಸುವ ಖರ್ಚು ಪರ್ಮಿಷನ್ ಖರ್ಚೇ. ಆಮೇಲೆ ಸೈಟಿಗೆ ಹೋಗಿ ಟೇಪ್ ಹಿಡಿಯುವುದು. ಕಾಗದದಲ್ಲಿ ಮೂವತ್ತು ಅಡಿ ಇದ್ದು, ಪಕ್ಕದವನ ಕಾಂಪೌಂಡ್ ಅರ್ಧ ಅಡಿ ನುಂಗಿರುವುದನ್ನು ಬೇಕಾದಷ್ಟು ನೋಡಿದ್ದೇನೆ. ಆಮೇಲೆ ನಾಲ್ಕೂ ಕಡೆ ಬಿಡಬೇಕಾದ ಜಾಗ ಕಳೆದು, ಉಳಿದದ್ದರಲ್ಲಿ ಎಷ್ಟು ಕಟ್ಟುತ್ತೀರಿ, ಯಾವುದಕ್ಕೆ ಕಟ್ಟುತ್ತೀರಿ ಅನ್ನುವುದು. ವಾಸಕ್ಕೆ ಒಂದು ದರ, ವ್ಯಾಪಾರಕ್ಕೆ ಇನ್ನೊಂದು. ಅದರ ಮೇಲೆ ಕಾರ್ಮಿಕ ಸೆಸ್, ರಸ್ತೆ ಬದಿ ಜಲ್ಲಿ ಮರಳು ಸುರಿದರೆ ಅದರ ನೆಲಬಾಡಿಗೆ, ನಲ್ಲಿಗೆ ರಸ್ತೆ ಅಗೆದರೆ ಅದರ ಶುಲ್ಕ, ಒಳಚರಂಡಿಗೆ ಜೋಡಿಸುವ ಶುಲ್ಕ, ತಾತ್ಕಾಲಿಕ ಕರೆಂಟಿನ ಡಿಪಾಸಿಟ್, ನಕ್ಷೆ ಬರೆದು ಆನ್‌ಲೈನಿನಲ್ಲಿ ಹಾಕುವ ಇಂಜಿನಿಯರ್ ಫೀಸು.

ಅಕ್ಕನ ಸೈಟು ಕಾಗದದಲ್ಲಿ ಇದ್ದಷ್ಟೇ ನೆಲದಲ್ಲೂ ಇತ್ತು. ಅದೇ ದೊಡ್ಡ ಪುಣ್ಯ. ಅಕ್ಕಪಕ್ಕ ಮೂರು ಮೂರು ಅಡಿ ಬಿಟ್ಟರೆ ಅಗಲ ಇಪ್ಪತ್ನಾಲ್ಕು. ಮುಂದೆ ಐದು, ಹಿಂದೆ ಮೂರು ಬಿಟ್ಟರೆ ಉದ್ದ ಮೂವತ್ತೆರಡು. ಅದಕ್ಕಿಂತ ಒಂದಂಗುಲ ಜಾಸ್ತಿ ಕಟ್ಟುವ ಹಾಗಿಲ್ಲ.

ಏಜೆಂಟನನ್ನು ನೋಡಬೇಕಿತ್ತು. ಅವನ ಆಫೀಸು ಅಂದರೆ ನಗರಸಭೆ ಕಚೇರಿ ಎದುರಿನ ಟೀ ಅಂಗಡಿಯ ಬೆಂಚು. ಬಿಳಿ ಅಂಗಿ, ಎರಡು ಫೋನು, ಕಂಕುಳಲ್ಲೊಂದು ಪ್ಲಾಸ್ಟಿಕ್ ಫೈಲು. ಒಳಗಿರುವ ಸಾಹೇಬರಿಗಿಂತ ಇವನ ಮುಖದಲ್ಲೇ ಗತ್ತು ಜಾಸ್ತಿ. ಒಳಗಿನವರಿಗೂ ಇವನಿಗೂ ಏನು ಸಂಬಂಧ ಅಂತ ನನಗೆ ಗೊತ್ತಿಲ್ಲ. ಏನೂ ಇಲ್ಲ ಅಂತಲೇ ನನ್ನ ಅನುಮಾನ. ಇಂಥವರ ವ್ಯಾಪಾರವೇ ಅದು. ತೆರೆದ ಬಾಗಿಲಿನ ಮುಂದೆ ನಿಂತು ಬೀಗದ ಕೈ ಮಾರುವುದು.

ಜಗಳ ಆಡಿದರೆ ಇವರು ಬಾಯಿ ಬಿಡುವುದಿಲ್ಲ. ಕೆಲಸ ಕೊಡುತ್ತೇನೆ ಅಂದರೆ ಕರುಳು ಸಮೇತ ಹೊರಗೆ ಹಾಕುತ್ತಾರೆ. ಎರಡು ಟೀ ಹೇಳಿ ಕೂತೆ.

“ನನ್ನ ಕೈಯಲ್ಲೂ ಶಿವಮೊಗ್ಗದ ಎರಡು ಕೆಲಸ ಇವೆ. ನಿನ್ನ ಪ್ಯಾಕೇಜ್ ಅಗ್ಗ ಅಂತ ಕೇಳ್ದೆ. ಹೆಂಗೆ ಹೊಂದಿಸ್ತೀಯ?”

“ಅಣ್ಣಾ, ಅದೆಲ್ಲ ಟೆಕ್ನಿಕ್ಕು” ಅಂದ.

“ಟೆಕ್ನಿಕ್ ಇಲ್ದೆ ಯಾರಾದ್ರೂ ಬದುಕ್ತಾರೇನಪ್ಪ? ಮೆಸ್ ಅಕ್ಕಂದು ಹೆಂಗೆ ಮಾಡ್ತಿದೀಯ, ಅದನ್ನೇ ಹೇಳು.”

ಟೀ ಒಳಗೆ ಹೋದ ಹಾಗೆ ಟೆಕ್ನಿಕ್ ಹೊರಗೆ ಬಂತು. ಎರಡು ನಕ್ಷೆ. ಆಫೀಸಿಗೊಂದು, ಕಟ್ಟುವ ಮೇಸ್ತ್ರಿಗೊಂದು. ಆಫೀಸಿನ ನಕ್ಷೆಯಲ್ಲಿ ಇಪ್ಪತ್ನಾಲ್ಕು ಮೂವತ್ತೆರಡು, ಕೆಳಗೂ ಮನೆ, ಮೇಲೂ ಮನೆ. ಹಾಲ್, ಬೆಡ್ ರೂಮು, ದೇವರ ಮನೆ ಎಲ್ಲಾ ಚಂದಕ್ಕೆ ಬರೆಸಿದ್ದ. ಮೇಸ್ತ್ರಿಯ ನಕ್ಷೆಯಲ್ಲಿ ಕೆಳಗೆ ಮೆಸ್, ಅಳತೆ ಇಪ್ಪತ್ತೈದು ಮೂವತ್ತಮೂರು.

“ಒಂದೊಂದು ಅಡಿ ಯಾಕಪ್ಪ ಜಾಸ್ತಿ?”

“ಆಯ ಅಣ್ಣಾ! ಅಕ್ಕನ ಅಣ್ಣ ದೊಡ್ಡ ವಿದ್ವಾಂಸರಂತೆ. ಅವರು ಕೊಟ್ಟ ಅಳತೆ. ಇಪ್ಪತ್ನಾಲ್ಕು ಮೂವತ್ತೆರಡಕ್ಕೆ ಆಯ ಬರಲ್ವಂತೆ.”

ಆಯ ಗೊತ್ತಿಲ್ಲದವರಿಗೆ ಹೇಳುತ್ತೇನೆ. ಮನೆಯ ಉದ್ದ ಅಗಲ ಗುಣಿಸಿ, ಅದನ್ನು ಒಂಬತ್ತರಿಂದ ಗುಣಿಸಿ, ಎಂಟರಿಂದ ಭಾಗಿಸುತ್ತಾರೆ. ಉಳಿದ ಶೇಷ ಬೆಸವಾದರೆ ಒಳ್ಳೆಯದು, ಸಮವಾದರೆ ಕೆಟ್ಟದ್ದು. ಒಂದು ಉಳಿದರೆ ಧ್ವಜಾಯ, ಎಲ್ಲದಕ್ಕಿಂತ ಶ್ರೇಷ್ಠ. ಏನೂ ಉಳಿಯದಿದ್ದರೆ ಕಾಕಾಯ, ಕಾಗೆಯದು, ಅದು ಯಾರಿಗೂ ಬೇಡ. ಇಪ್ಪತ್ನಾಲ್ಕು ಮೂವತ್ತೆರಡು ಶುದ್ಧ ಕಾಗೆ. ಇಪ್ಪತ್ತೈದು ಮೂವತ್ತಮೂರಕ್ಕೆ ಒಂದು ಉಳಿಯುತ್ತದೆ, ಧ್ವಜ. ನಂಬಿಕೆ ಇದೆಯೋ ಇಲ್ಲವೋ ಎಂದು ನನ್ನನ್ನು ಕೇಳಬೇಡಿ. ಮನೆ ಕಟ್ಟಿಸುವವರು ನಂಬುತ್ತಾರೆ, ಅವರ ಮನೆ ಕಟ್ಟಿ ನಾನು ಉಣ್ಣುತ್ತೇನೆ, ಆದ್ದರಿಂದ ಲೆಕ್ಕ ಕಲಿತಿದ್ದೇನೆ.

“ಅಲ್ಲಪ್ಪ, ಆಫೀಸಿನ ನಕ್ಷೆಗೂ ನೆಲಕ್ಕೂ ತಾಳೆ ಇಲ್ಲದಿದ್ರೆ?”

“ಯಾರು ಅಳೀತಾರೆ ಅಣ್ಣಾ? ಒಂದಡಿ ತಾನೇ.”

“ಯಾರೂ ಅಳೆಯಲ್ಲ ಅನ್ನೋದಾದ್ರೆ ಪರ್ಮಿಷನ್ ಯಾಕೆ ಬೇಕು ನಿಂಗೆ?”

“ಬ್ಯಾಂಕಿಗೆ!” ಅಂದ, ನಾನು ದಡ್ಡ ಅನ್ನುವ ಹಾಗೆ.

ಅದೇ ಬ್ಯಾಂಕಿನವರು ಪಾಯ ಮುಗಿದ ಮೇಲೆ ತಮ್ಮ ಇಂಜಿನಿಯರನ್ನು ಕಳಿಸಿ ಟೇಪ್ ಹಿಡಿಸುತ್ತಾರೆ, ಆಮೇಲೆಯೇ ಎರಡನೇ ಕಂತು. ಇದು ಈ ಬಿಳಿ ಅಂಗಿಗೆ ಗೊತ್ತಿಲ್ಲದ್ದಲ್ಲ. ಅಷ್ಟರಲ್ಲಿ ಇವನ ಪ್ಯಾಕೇಜ್ ದುಡ್ಡು ಇವನ ಜೇಬಿನಲ್ಲಿರುತ್ತದೆ. ಗುಂಡಿ ತೋಡಿ, ಕಂಬಿ ಕಟ್ಟಿ, ಅರ್ಧಕ್ಕೆ ನಿಂತ ಕಟ್ಟಡದ ಮುಂದೆ ಅಕ್ಕ ನಿಂತಿರುತ್ತಾರೆ. ಟೀ ದುಡ್ಡು ಅವನೇ ಕೊಡಲಿ ಎಂದು ಎದ್ದು ಬಂದೆ.

ಕಚೇರಿಯ ಒಳಗೂ ಹೋದೆ. ಅಲ್ಲಿದ್ದ ಇಂಜಿನಿಯರ್ ಚಿಕ್ಕ ವಯಸ್ಸಿನ ಹೆಂಗಸು. ನಾನು ಬರೆದುಕೊಂಡು ಹೋಗಿದ್ದ ಲೆಕ್ಕವನ್ನು ನೋಡಿ ಒಂದು ಕಡೆ ಸರಿ ಮಾಡಿದರು, ಉಳಿದದ್ದು ಆಗಬಹುದು ಅಂದರು. “ಕೆಳಗೆ ಹೋಟೆಲ್ ಇದ್ರೆ ಹೋಟೆಲ್ ಅಂತಲೇ ತೋರಿಸಿ. ಕಟ್ಟಡ ಮುಗಿದ ಮೇಲೆ ನಕ್ಷೆ ಪ್ರಕಾರ ಇದ್ರೇನೇ ಮುಕ್ತಾಯದ ಪತ್ರ. ಅದಿಲ್ಲದೆ ಕಾಯಂ ಕರೆಂಟ್ ಕೊಡಲ್ಲ” ಅಂದರು. ಮುಗಿಯಿತು. ಇಷ್ಟು ಕೇಳಲು ಜನಕ್ಕೆ ಬಾಗಿಲು ದಾಟುವ ಧೈರ್ಯವಿಲ್ಲ, ಹೊರಗಿನ ಬೆಂಚಿನವನಿಗೆ ನಮಸ್ಕಾರ ಹೊಡೆಯುತ್ತಾರೆ.

ಕಾಯಂ ಕರೆಂಟಿನ ಮಾತು ಕೇಳಿ ನನ್ನ ಲೆಕ್ಕದಲ್ಲಿ ಇನ್ನೊಂದು ಸಾಲು ಸೇರಿತು. ಮೆಸ್ಸಿನ ದೊಡ್ಡ ಗ್ರೈಂಡರಿಗೆ ತ್ರೀ ಫೇಸ್ ಬೇಕು. ತಾತ್ಕಾಲಿಕ ಮೀಟರಿನ ದರದಲ್ಲಿ ತಿಂಗಳುಗಟ್ಟಲೆ ಹಿಟ್ಟು ರುಬ್ಬಿದರೆ, ಆ ಬಿಲ್ಲಿನಲ್ಲೇ ಪ್ಯಾಕೇಜಿನ ಉಳಿತಾಯ ಕೊಚ್ಚಿಹೋಗುತ್ತದೆ. ಏಜೆಂಟನ ಪಟ್ಟಿಯಲ್ಲಿ ಆ ಸಾಲು ಇರುವುದು ಹೇಗೆ? ಅವನ ಮನೆಯ ಇಡ್ಲಿ ಹಿಟ್ಟು ಅಂಗಡಿಯಿಂದ ಬರುತ್ತದೆ.

ಇಪ್ಪತ್ನಾಲ್ಕು ಮೂವತ್ತೆರಡಕ್ಕೆ, ಕೆಳಗೆ ವ್ಯಾಪಾರ ಮೇಲೆ ವಾಸ ಅಂತ ಲೆಕ್ಕ ಹಾಕಿದರೆ ಪ್ಯಾಕೇಜಿನ ಹತ್ತಿರ ಹತ್ತಿರ ಮೂರು ಪಟ್ಟು ಬಂತು. ಮಧ್ಯಾಹ್ನದ ಊಟದ ಗಲಾಟೆ ಇಳಿದ ಮೇಲೆ ಅಕ್ಕನ ಮುಂದೆ ಇಟ್ಟೆ.

ಅಕ್ಕ ಹಾಳೆ ನೋಡಿದರು. ನನ್ನನ್ನು ನೋಡಿದರು. ಸಾರಿನ ಸೌಟು ಪಾತ್ರೆಯ ಮೇಲೆ ಅಡ್ಡ ಇಟ್ಟರು.

“ಮೂರು ಪಟ್ಟು?”

“ಹೂಂ ಅಕ್ಕ.”

“ನಿನ್ನ ಪಾಲೆಷ್ಟು ಇದರಲ್ಲಿ?”

“ಇಂಜಿನಿಯರ್ ಫೀಸು ಬಿಟ್ರೆ ಉಳಿದಿದ್ದೆಲ್ಲ ಬ್ಯಾಂಕಿನಲ್ಲಿ ಚಲನ್ ಕಟ್ಟೋದು. ರಸೀದಿ ನಿಮ್ಮ ಹೆಸರಿಗೆ.”

“ನಿನಗೆ ಹಸಿವಾದಾಗೆಲ್ಲ ಬಡಿಸಿದೀನಿ ಮೇಸ್ತ್ರಿ. ನೀನು ನನ್ನ ಹೊಟ್ಟೆ ಮೇಲೇ ಹೊಡೀತೀಯಲ್ಲ. ಅವನು ಬೇರೆಯವನು, ಅವನೇ ಕಡಿಮೆಗೆ ಮಾಡ್ತೀನಿ ಅಂತಾನೆ.”

“ಅವನು ಮಾಡಿಸಿಕೊಡೋದು ಮನೆಗೆ ಅಕ್ಕ. ನೀವು ಕಟ್ಟೋದು ಮೆಸ್ಸು. ಬೇರೆ ಯಾರದೋ ಮನೆಯ ಲೆಕ್ಕ ನಿಮಗೆ ತೋರಿಸಿ ಅಗ್ಗ ಅಂತಿದಾನೆ.”

“ಎಲ್ಲರೂ ಹಂಗೇ ಕಟ್ಟಿದಾರೆ.”

ಇದೊಂದು ಮಾತು. ಇದನ್ನು ಕೇಳಿದರೆ ನನಗೆ ಮೈ ಉರಿಯುತ್ತದೆ. ಎಲ್ಲರೂ ಅಂದರೆ ಯಾರು? ಸೋಗಾನೆಯಲ್ಲಿ ವಿಮಾನ ಇಳಿಯಲು ಶುರುವಾದ ಮೇಲೆ ನಾಲ್ಕು ಕಂಬ ನಿಲ್ಲಿಸಿ ಕಾಂಪ್ಲೆಕ್ಸ್ ಅಂತ ಬೋರ್ಡು ಹಾಕಿದವರು. ಕರೆಂಟಿಗೆ ಪಕ್ಕದ ಮನೆಯಿಂದ ವೈರು, ನೀರಿಗೆ ಟ್ಯಾಂಕರು, ಬಾಡಿಗೆಗೆ ಬಂದವನು ಮೂರು ತಿಂಗಳಿಗೆ ಓಡಿಹೋಗುತ್ತಾನೆ. ಗೃಹಪ್ರವೇಶದ ಫೋಟೋ ಎಲ್ಲರಿಗೂ ಕಳಿಸುತ್ತಾರೆ. ನೋಟಿಸಿನ ಫೋಟೋ ಯಾರೂ ಕಳಿಸುವುದಿಲ್ಲ.

ಇದನ್ನೆಲ್ಲ ಅಂದೆ. ಅಕ್ಕ ಒಪ್ಪಲಿಲ್ಲ. ಒಪ್ಪದಿದ್ದುದಕ್ಕೆ ದುಡ್ಡೊಂದೇ ಕಾರಣ ಅಲ್ಲ ಅಂತ ಆಮೇಲೆ ತಿಳಿಯಿತು. “ದುಡ್ಡು ಹೆಂಗೋ ಹೊಂದಿಸ್ತೀನಿ ಅನ್ನು. ಆದ್ರೆ ನೀನು ಹೇಳೋ ಅಳತೆ ಕಾಗೆ ಆಯ. ಇದ್ದ ಒಬ್ಬ ಗಂಡನ್ನ ಕಳ್ಕೊಂಡಿದೀನಿ. ಕಾಗೆ ಆಯದಲ್ಲಿ ಒಲೆ ಹಚ್ಚಲ್ಲ ನಾನು” ಅಂದರು. ಧ್ವನಿ ಏರಲಿಲ್ಲ. ಏರಿದ್ದರೆ ನಾನೂ ಏರಿಸುತ್ತಿದ್ದೆ.

ಹೀಗಾಗಿ ಸಿಕ್ಕಿಕೊಂಡದ್ದು ಇಲ್ಲಿ: ಕಾನೂನಿನ ಅಳತೆಗೆ ಆಯವಿಲ್ಲ, ಆಯದ ಅಳತೆಗೆ ಕಾನೂನಿಲ್ಲ. ಎರಡು ನಕ್ಷೆಯ ದಂಧೆ ಬದುಕಿರುವುದೇ ಈ ಸಂದಿಯಲ್ಲಿ. ಊರಿನ ಅರ್ಧ ಕಟ್ಟಡಗಳು ಪಕ್ಕದವನ ಕಿಟಕಿಗೆ ಮೂಗು ತಾಗಿಸಿಕೊಂಡು ನಿಂತಿದ್ದರೆ ದುರಾಸೆ ಮಾತ್ರ ಕಾರಣವಲ್ಲ, ಆಯವೂ ಕಾರಣ. ಕೇಳಿದರೆ ಶಾಸ್ತ್ರದ ಕಡೆ ಕೈ ತೋರಿಸುತ್ತಾರೆ.

ಬಸ್ಸಿನಲ್ಲಿ ಶಿವಮೊಗ್ಗಕ್ಕೆ ಬರುತ್ತ ನನಗೊಂದು ಹೊಳೆಯಿತು. ಸರ್ಕಾರದ ಫೀಸಿನ ಜೊತೆ ಚೌಕಾಸಿ ಮಾಡಲು ಬರುವುದಿಲ್ಲ. ಬ್ಯಾಂಕಿನ ಜೊತೆಯೂ ಅಷ್ಟೇ. ಆದರೆ ಕಟ್ಟಡದ ಜೊತೆ ಚೌಕಾಸಿ ಮಾಡಬಹುದಲ್ಲ! ಎಲ್ಲರೂ ಆಯಕ್ಕೆ ಅಂತ ಅಡಿ ಕೂಡಿಸುತ್ತಾರೆ. ಕಳೆದರೆ? ಟಿಕೆಟ್ಟಿನ ಹಿಂದೆ ಗುಣಿಸಿದೆ. ಇಪ್ಪತ್ಮೂರು ಮೂವತ್ತೊಂದು. ಏಳುನೂರ ಹದಿಮೂರು. ಎಂಟರ ಲೆಕ್ಕದಲ್ಲಿ ಉಳಿದದ್ದು ಒಂದು. ಧ್ವಜ. ಅದೇ ಧ್ವಜ, ಎರಡಡಿ ಕೆಳಗೆ.

ಮರುದಿನ ಅಕ್ಕನನ್ನು ಅವರ ಅಣ್ಣನ ಮನೆಗೆ ಕರೆದುಕೊಂಡು ಹೋದೆ. ಅಣ್ಣ ಶಿವಮೊಗ್ಗದಲ್ಲೇ ಇರುವವರು, ಸಂಸ್ಕೃತದ ಮೇಷ್ಟ್ರಾಗಿ ನಿವೃತ್ತರು, ಅರ್ಧ ಊರಿಗೆ ಆಯ ನೋಡಿಕೊಟ್ಟವರು. ದಾರಿಯುದ್ದಕ್ಕೂ ಅವರ ಜೊತೆ ಹೇಗೆ ಮಾತಾಡಬೇಕು ಅಂತ ಹೊಂದಿಸಿಕೊಂಡಿದ್ದೆ. ಇಂಥವರ ಮುಂದೆ ನೇರ ವಾದ ಮಾಡಿದರೆ ಒಂದು ಶ್ಲೋಕ ಹೇಳುತ್ತಾರೆ, ನಮ್ಮ ಬಾಯಿ ಮುಚ್ಚುತ್ತದೆ. ಶ್ಲೋಕಕ್ಕೆ ರಸೀದಿ ಕೇಳಲು ಬರುವುದಿಲ್ಲ. ಆದ್ದರಿಂದ ತಪ್ಪು ಅವರದು ಅನ್ನದೆ, ಲೆಕ್ಕ ನನ್ನದು ಅನ್ನದೆ, ಪ್ರಶ್ನೆ ಕೇಳುವ ಹಾಗೆ ಕೇಳಬೇಕು.

“ಸ್ವಾಮಿ, ಧ್ವಜಾಯಕ್ಕೆ ಇಪ್ಪತ್ತೈದು ಮೂವತ್ತಮೂರೇ ಆಗಬೇಕಾ? ಕಡಿಮೆಯಲ್ಲಿ ಯಾವುದೂ ಬರಲ್ವಾ?”

ಮೇಷ್ಟ್ರು ಕನ್ನಡಕದ ಮೇಲಿಂದ ನೋಡಿದರು. “ಯಾಕೆ ಬರಲ್ಲ? ಇಪ್ಪತ್ಮೂರು ಮೂವತ್ತೊಂದು ಬರುತ್ತೆ. ಮೊದಲು ಅದನ್ನೇ ಹೇಳಿದ್ದು ನಾನು.”

ನಾನು ಹೊಂದಿಸಿಕೊಂಡು ಬಂದ ಭಾಷಣ ಕೆಲಸಕ್ಕೆ ಬರಲಿಲ್ಲ. ಅಕ್ಕ ಕಿಟಕಿಯ ಆಚೆ ಏನೋ ಇದೆ ಅನ್ನುವ ಹಾಗೆ ನೋಡತೊಡಗಿದರು.

“ಎರಡೂ ಹೇಳಿದೆ ಮಾರಾಯ” ಎಂದರು ಮೇಷ್ಟ್ರು. “ಚಿಕ್ಕದು ಇದು, ದೊಡ್ಡದು ಇದು, ಎರಡೂ ಧ್ವಜವೇ ಅಂದೆ. ಇವಳು ದೊಡ್ಡದು ತಗೊಂಡಳು. ಸೀರೆ ಅಂಗಡಿಯಲ್ಲೂ ಇವಳು ಹೀಗೇ.”

“ಅಣ್ಣ, ನೀನು ಸುಮ್ನಿರು” ಅಂದರು ಅಕ್ಕ.

“ನಾನ್ಯಾಕೆ ಸುಮ್ನಿರಲಿ ಮಾರಾಯ್ತಿ? ಊರೆಲ್ಲ ನನ್ನ ಹೆಸರು ಹೇಳ್ಕೊಂಡು ಓಣಿ ನುಂಗ್ತಾರೆ. ನಾನೇನು ಪಕ್ಕದ ಮನೆ ಗೋಡೆಗೆ ಒರಗಿಸಿ ಕಟ್ಟಿ ಅಂತ ಹೇಳ್ತೀನಾ? ಮನೆ ಸುತ್ತ ಗಾಳಿ ಬೆಳಕಿಗೆ ಜಾಗ ಬಿಡಬೇಕು ಅಂತ ನಮ್ಮ ಶಾಸ್ತ್ರವೂ ಹೇಳುತ್ತೆ. ಅದು ಯಾರಿಗೂ ಕೇಳಿಸಲ್ಲ. ಅಳತೆ ಮಾತ್ರ ಕೇಳಿಸುತ್ತೆ, ಅದೂ ದೊಡ್ಡದು ಮಾತ್ರ.” ಅಷ್ಟು ಹೇಳಿ ನನ್ನ ಕಡೆ ತಿರುಗಿದರು. “ನೀವು ಕಂಟ್ರಾಕ್ಟರುಗಳೂ ಕಡಿಮೆಯಿಲ್ಲ. ಚದರ ಹೆಚ್ಚಾದಷ್ಟೂ ನಿಮಗೆ ಒಳ್ಳೆಯದಲ್ಲವಾ?”

ಒಂದು ಚದರ ಕಡಿಮೆಯಾದರೆ ನನ್ನ ಬಿಲ್ಲಿನಲ್ಲೂ ಅಷ್ಟು ಕಡಿಮೆ ಎಂದು ಅವರಿಗೆ ಚೆನ್ನಾಗಿ ಗೊತ್ತಿತ್ತು. ನಾನು ನಕ್ಕುಬಿಟ್ಟೆ. ಇಡೀ ವ್ಯವಹಾರದಲ್ಲಿ ಚೌಕಾಸಿಗೆ ಯೋಗ್ಯರಾಗಿ ಕಂಡವರು ಅವರೊಬ್ಬರೇ.

ಆದರೆ ತೀರ್ಮಾನ ಮೇಷ್ಟ್ರದ್ದೂ ಅಲ್ಲ, ನನ್ನದೂ ಅಲ್ಲ. ಅಕ್ಕನದು. ಹಿಂತಿರುಗಿ ಬಂದ ಮೇಲೆ ಶೆಡ್ಡಿನ ಮುಂದಿನ ಖಾಲಿ ಜಾಗದಲ್ಲಿ ಸುಣ್ಣದ ಪುಡಿಯಲ್ಲಿ ಇಪ್ಪತ್ಮೂರು ಮೂವತ್ತೊಂದರ ಗೆರೆ ಎಳೆದೆ. ಗೋಡೆ ಕಳೆದು ಒಳಗಿನ ಗೆರೆಯನ್ನೂ ಎಳೆದೆ. ಇದೊಂದು ಕೆಲಸವನ್ನು ನೀವೂ ಮಾಡಿ. ನಕ್ಷೆ ಓದಲು ಬಾರದವರಿಗೆ ನಕ್ಷೆ ತೋರಿಸಿ ಹೂಂ ಅನ್ನಿಸಿಕೊಳ್ಳುವ ಇಂಜಿನಿಯರುಗಳಿದ್ದಾರಲ್ಲ, ಅವರಿಗೆ ಇಷ್ಟು ತೋಚುವುದಿಲ್ಲ. ನೆಲದ ಮೇಲೆ ಗೆರೆ ಎಳೆದು, ಅದರೊಳಗೆ ಮನೆಯವರನ್ನು ನಡೆದಾಡಿಸಬೇಕು.

ಅಕ್ಕ ಗೆರೆಯೊಳಗೆ ಬಂದರು. ಒಲೆ ಇಲ್ಲಿ ಅಂತ ನಿಂತರು. ಬಗ್ಗಿ ಅನ್ನದ ಡಬರಿ ಇಳಿಸುವ ಹಾಗೆ ಮಾಡಿದರು, ತಿರುಗಿದರು, ಎರಡು ಹೆಜ್ಜೆ ಹಾಕಿ ಬಸಿಯುವ ಹಾಗೆ ಮಾಡಿದರು. ಮೊಣಕೈ ಎಲ್ಲಿ ತಾಗುತ್ತದೆ ನೋಡಿದರು. ಗ್ರೈಂಡರ್ ಇಲ್ಲಿ, ಪಾತ್ರೆ ತೊಳೆಯೋದು ಹಿಂದೆ, ಎಲೆ ಎತ್ತಿದವರು ಹೋಗೋ ದಾರಿ ಈ ಕಡೆ. ಆಮೇಲೆ ಶೆಡ್ಡಿನೊಳಗಿಂದ ಟೇಬಲ್‌ಗಳನ್ನು ಒಂದೊಂದಾಗಿ ಹೊರಗೆ ತರಿಸಿ ಗೆರೆಯೊಳಗೆ ಇಡಿಸಿದರು. ಕೊನೆಯದು ಹಿಡಿಸಲಿಲ್ಲ. ಅಡ್ಡ ಇಟ್ಟು ನೋಡಿದರು, ಉದ್ದಕ್ಕೆ ಇಟ್ಟು ನೋಡಿದರು. ಬಡಿಸುವವರು ಓಡಾಡಲು ಜಾಗ ಸಾಲದು. ಆ ಟೇಬಲ್ ಗೆರೆಯ ಹೊರಗೇ ನಿಂತಿತು.

ಉಣ್ಣಲು ಬಂದ ಒಬ್ಬಿಬ್ಬರು ನಿಂತು ನೋಡುತ್ತಿದ್ದರು. ಬಸ್ಸಿನ ಕಂಡಕ್ಟರ್ ಒಬ್ಬ, “ಅಕ್ಕ, ಬೀದೀಲೇ ಬಡಿಸ್ತೀರಾ ಇವತ್ತು?” ಅಂದ.

“ನೀನು ಬಾಕಿ ತೀರಿಸು, ಚಂದ್ರಲೋಕದಲ್ಲೂ ಬಡಿಸ್ತೀನಿ” ಅಂದರು ಅಕ್ಕ. ಆಮೇಲೆ ನನ್ನ ಹತ್ತಿರ ಬಂದು ಮೆಲ್ಲಗೆ ಕೇಳಿದರು: “ಇದನ್ನ ಮಾಡಿದ್ರೆ ಯುಗಾದಿಗೆ ಒಲೆ ಹಚ್ತೀನಾ?”

“ಈ ವಾರ ಅರ್ಜಿ ಹಾಕಿದ್ರೆ ಕೆಳಗಿನ ಅಂತಸ್ತು ಆಗುತ್ತೆ. ಮೇಲಿಂದು ಆಮೇಲೆ.”

“ನಡುವೆ ಯಾರೂ ಬಂದು ನಿಲ್ಸಲ್ಲ?”

“ಬಂದು ಅಳೆದುಕೊಂಡು ಹೋಗ್ತಾರೆ. ಅಷ್ಟೇ.”

ಅಕ್ಕ ಹೊರಗೆ ನಿಂತ ಟೇಬಲನ್ನು ನೋಡಿದರು. “ಆಯ್ತು. ಒಂದು ಟೇಬಲ್ ಹೋಗಲಿ. ಆ ಏಜೆಂಟು ಯಾವಾಗ್ಲೂ ಅದರಲ್ಲೇ ಕೂತು ಎರಡನೇ ಸಲ ಸಾರು ಕೇಳ್ತಾನೆ. ಇನ್ಮೇಲೆ ನಿಂತು ತಿನ್ಲಿ.”

ಇಪ್ಪತ್ಮೂರು ಮೂವತ್ತೊಂದಕ್ಕೆ ಲೆಕ್ಕ ಹೊಸದಾಗಿ ಹಾಕಿದೆ. ವಿಸ್ತೀರ್ಣ ಇಳಿದದ್ದರಿಂದ ಫೀಸು ಸ್ವಲ್ಪ ಇಳಿಯಿತು, ಸೆಸ್ ಸ್ವಲ್ಪ ಇಳಿಯಿತು. ಸುತ್ತ ಜಾಗ ಜಾಸ್ತಿ ಉಳಿದದ್ದರಿಂದ ಜಲ್ಲಿ ಮರಳು ಸೈಟಿನೊಳಗೇ ಬಿತ್ತು, ರಸ್ತೆಯ ನೆಲಬಾಡಿಗೆ ತಪ್ಪಿತು. ಆ ರಸ್ತೆಗೆ ಕಾಂಕ್ರೀಟ್ ಹಾಕುವುದಿತ್ತು. ಹಾಕಿದ ಮೇಲೆ ಅಗೆದರೆ ಶುಲ್ಕ ಜಾಸ್ತಿ, ಅದಕ್ಕೆ ನಲ್ಲಿಯ ಅರ್ಜಿಯನ್ನು ಪಾಯಕ್ಕಿಂತ ಮುಂಚೆ ಕೊಟ್ಟೆ. ಇಷ್ಟೆಲ್ಲ ಹಿಂಡಿದರೂ ಕೊನೆಗೆ ನಿಂತದ್ದು ಪ್ಯಾಕೇಜಿನ ಎರಡು ಪಟ್ಟಿಗಿಂತ ಮೇಲೆಯೇ. ಸುಳ್ಳು ಯಾಕೆ ಹೇಳಲಿ. ಪ್ರಾಮಾಣಿಕತೆ ಅಗ್ಗ ಎಂದು ಯಾರಾದರೂ ಹೇಳಿದರೆ ಅವರು ಯಾವತ್ತೂ ಚಲನ್ ಕಟ್ಟಿದವರಲ್ಲ. ಆದರೆ ನಾನು ಕೊಟ್ಟ ಅಂದಾಜಿಗೂ ಕೊನೆಯಲ್ಲಿ ಖರ್ಚಾದದ್ದಕ್ಕೂ ಇದ್ದ ವ್ಯತ್ಯಾಸ ಒಂದು ಹೊತ್ತಿನ ಊಟದ ಬಿಲ್ಲಿನಷ್ಟು.

ದೀಪಾವಳಿಗೆ ಮುಂಚೆ ನಕ್ಷೆ ಮಂಜೂರಾಯಿತು. ಪಾಯ ಗುರುತು ಮಾಡುವಾಗ ನಾನೊಂದು ಕೆಲಸ ಮಾಡಿದೆ. ಉಳಿದ ಒಂದಡಿಯನ್ನು ಎರಡು ಪಕ್ಕಕ್ಕೂ ಹಂಚದೆ ಪೂರ್ತಿ ಎಡಕ್ಕೆ ಬಿಟ್ಟೆ. ಬಲಕ್ಕೆ ಮೂರಡಿ, ಎಡಕ್ಕೆ ನಾಲ್ಕು. ನಕ್ಷೆಯಲ್ಲೂ ಹಾಗೇ ತೋರಿಸಿದ್ದೆ.

ಪಾಯ ಮುಗಿದ ಮೇಲೆ ಬ್ಯಾಂಕಿನ ಇಂಜಿನಿಯರ್ ಬಂದ. ಬರುವಾಗಲೇ ಮುಖ ಗಂಟು. ಎಲ್ಲರೂ ಒಂದೊಂದು ಕಥೆ ಹೇಳುತ್ತಾರೆ, ಅದನ್ನು ಕೇಳಿ ಕೇಳಿ ಬೇಸತ್ತವನ ಮುಖ. ಟೇಪಿನ ಒಂದು ತುದಿ ನನ್ನ ಕೈಗೆ ಕೊಟ್ಟ. ಅಗಲ ಅಳೆದ, ಉದ್ದ ಅಳೆದ, ನಕ್ಷೆ ನೋಡಿದ. ಇನ್ನೊಂದು ಸಲ ಅಳೆದ. ಮೂಲೆಯಿಂದ ಮೂಲೆಗೂ ಹಿಡಿದ. “ಏನ್ರೀ, ಕಡಿಮೆ ಕಟ್ಟಿದೀರ?” ಅಂದ.

“ನಕ್ಷೆಯಲ್ಲಿ ಇದ್ದಷ್ಟು ಕಟ್ಟಿದೀವಿ.”

“ಅದೇ ಕೇಳಿದ್ದು” ಅಂದ, ಸಹಿ ಹಾಕಿದ.

ಅಕ್ಕನ ಶೆಡ್ಡಿಗೆ ಜೆಸಿಬಿ ಬರುವ ಮೊದಲೇ ಹೊಸ ಕಟ್ಟಡದ ಕೆಳಗಿನ ಅಂತಸ್ತಿಗೆ ಸುಣ್ಣ ಒಣಗಿತ್ತು. ಮೇಲಿನ ಕಂಬಿಗಳು ಇನ್ನೂ ಆಕಾಶ ನೋಡುತ್ತಿದ್ದವು, ಮೀಟರು ಮಾತ್ರ ಕಾಯಂ. ಕೆಳಗಿನ ಅಂತಸ್ತಿಗೆ ಮುಕ್ತಾಯದ ಪತ್ರ ಬೇರೆ ಮಾಡಿಸಿದ್ದೆ. ಅರ್ಜಿ ಹಾಕಿದರೆ ಕೊಡುತ್ತಾರೆ, ಕೇಳುವವರು ಕಡಿಮೆ. ಯುಗಾದಿಯ ಬೆಳಿಗ್ಗೆ ಮೇಷ್ಟ್ರು ಬಂದು ಒಲೆಗೆ ಪೂಜೆ ಮಾಡಿದರು. ಮರುದಿನದಿಂದ ಗ್ರೈಂಡರ್ ತಿರುಗಿತು.

ವಾರ ಬಿಟ್ಟು ಹೋದೆ. ಬೆಳಗಿನ ತಿಂಡಿಯ ಹೊತ್ತು. ಒಳಗೆ ಒಂದು ಕುರ್ಚಿಯೂ ಖಾಲಿಯಿಲ್ಲ. ಹಳೆಯ ಗಿರಾಕಿಗಳ ಜೊತೆ ಹೊಸಬರೂ ಸೇರಿದ್ದರು. ಜಾಗ ಸಿಗದವರು ಎಡಗಡೆಯ ಓಣಿಯಲ್ಲಿ ಗೋಡೆಗೆ ಬೆನ್ನು ಹಚ್ಚಿ, ಸಾಲಾಗಿ ನಿಂತು ತಿನ್ನುತ್ತಿದ್ದರು. ಮೂರಡಿಯಾಗಿದ್ದರೆ ನಿಂತವರ ಮುಂದೆ ಬಡಿಸುವವರು ನುಗ್ಗಲು ಆಗುತ್ತಿರಲಿಲ್ಲ. ನಾಲ್ಕಡಿಯಲ್ಲಿ ಸಲೀಸಾಗಿ ಓಡಾಡುತ್ತಿದ್ದರು.

ಸಾಲಿನ ಕೊನೆಯಲ್ಲಿ ಬಿಳಿ ಅಂಗಿ ನಿಂತಿತ್ತು. ಕಂಕುಳಲ್ಲಿ ಅದೇ ಫೈಲು, ಒಂದು ಕೈಯಲ್ಲಿ ಇಡ್ಲಿ ತಟ್ಟೆ. ಸಾರಿಗೆ ಕೈ ಚಾಚಲಾಗದೆ ಒದ್ದಾಡುತ್ತಿದ್ದ. ನನ್ನನ್ನು ನೋಡಿ ನಕ್ಕ. ಇಂಥವರಿಗೆ ನಾಚಿಕೆ ಅಂತೊಂದು ಇರುವುದಿಲ್ಲ.

“ಅಣ್ಣಾ, ಎಲ್ಲಾ ಚೆನ್ನಾಗಿದೆ” ಅಂದ. “ಆದ್ರೆ ಸೈಡಲ್ಲಿ ಇಷ್ಟೊಂದು ಜಾಗ ಯಾಕೆ ಬಿಟ್ರಿ? ವೇಸ್ಟಲ್ವಾ?”

“ನೀನು ನಿಂತ್ಕೊಳ್ಳಲಿ ಅಂತ” ಅಂದೆ.